ಕಾಳಿಂಗವನ್ನು ಆಗುಂಬೆಗೆ ಸಾಗಿಸಬೇಡಿ

ಪ್ರಶ್ನೆ: ನಮ್ಮದು ತೀರ್ಥಹಳ್ಳಿ ಕಡೆಯ ಅಡಿಕೆ ತೋಟ. ನಿನ್ನೆಯಿಂದ ಕಾಳಿಂಗ ಸರ್ಪವೊಂದು ಓಡಾಡುತ್ತಿದೆ. ಹಿಡಿಸಿ ಆಗುಂಬೆ ಕಾಡಿಗೆ ಬಿಡಿಸಬಹುದೇ?

ಉತ್ತರ: ಬೇಡ. ಬೇಸಿಗೆ ಬಂತೆಂದರೆ ಈ ಪ್ರಶ್ನೆ ತಪ್ಪುವುದಿಲ್ಲ, ಎಷ್ಟು ಸಲ ಉತ್ತರಿಸಿದರೂ ಹಾವನ್ನು ಸಾಗಿಸುವುದು ನಿಂತಿಲ್ಲ. ಮಾರ್ಚ್‌ನಿಂದ ಮೇವರೆಗೆ ಕಾಳಿಂಗಗಳು ಕೂಡುವ ಕಾಲ; ಹೆಣ್ಣಿನ ವಾಸನೆಯ ಜಾಡು ಹಿಡಿದ ಗಂಡು ನಿಮ್ಮ ತೋಟವನ್ನು ಹಾದುಹೋಗುತ್ತಿರಬಹುದು, ಇಲ್ಲವೇ ಕೊಟ್ಟಿಗೆಯ ಇಲಿಗೆಂದು ಬಂದ ಕೇರೆ ಹಾವನ್ನು ಅದು ಅರಸುತ್ತಿರಬಹುದು. ನಾಯಿಯನ್ನು ಕಟ್ಟಿ, ಮಕ್ಕಳನ್ನು ಒಳಗಿರಿಸಿ, ದೂರದಿಂದ ಗಮನಿಸಿ. ಸಾಮಾನ್ಯವಾಗಿ ಅದು ತಾನಾಗಿ ಹೋಗುತ್ತದೆ.

ಆಗುಂಬೆಯ ಕಾಡಿನಲ್ಲಿ ಈಗಾಗಲೇ ಕಾಳಿಂಗಗಳಿವೆ. ಗಂಡುಗಳು ಒಂದನ್ನೊಂದು ನೆಲಕ್ಕೆ ಅದುಮಿ ಸೆಣಸುತ್ತವೆ, ಸ್ವಜಾತಿಯ ಹಾವನ್ನೂ ನುಂಗುತ್ತವೆ. ಗುರುತಿಲ್ಲದ ನೆಲದಲ್ಲಿ ಬಿಟ್ಟ ಹಾವು ಅಡಗುವ ಬಿಲವೂ ಬೇಟೆಯ ಜಾಗವೂ ತಿಳಿಯದೆ ಅಲೆದು, ರಸ್ತೆಗೆ ಬಿದ್ದು ಸಾಯುತ್ತದೆ ಅಥವಾ ಇನ್ನೊಬ್ಬರ ಅಂಗಳ ಸೇರುತ್ತದೆ. ಪಶ್ಚಿಮ ಘಟ್ಟದ ಕಾಳಿಂಗ ಬೇರೆಯದೇ ಪ್ರಭೇದವೆಂದು 2024ರಲ್ಲಿ ವಿಜ್ಞಾನಿಗಳು ವಿಂಗಡಿಸಿದ ಮೇಲಂತೂ, ಜಗತ್ತಿನಲ್ಲಿ ಬೇರೆಲ್ಲೂ ಇಲ್ಲದ ಈ ಹಾವಿನ ಹೊಣೆ ನಮ್ಮ ರಾಜ್ಯದ ಮೇಲೆ ಇನ್ನಷ್ಟು ಬಿದ್ದಿದೆ.

ಹೆಣ್ಣಿನ ವಿಷಯದಲ್ಲಿ ಹೆಚ್ಚು ಎಚ್ಚರ ಬೇಕು. ತೋಟಕ್ಕೆ ಸೊಪ್ಪು ತರುವ ಸೊಪ್ಪಿನ ಬೆಟ್ಟದಲ್ಲಿ ಒಣ ಬಿದಿರೆಲೆ, ದರಗನ್ನು (ಉದುರಿದ ಒಣ ಎಲೆ) ಮೈಯಿಂದ ಎಳೆದೆಳೆದು ಗುಡ್ಡೆ ಹಾಕಿ, ಒಳಗೆ ಮೊಟ್ಟೆಯಿಟ್ಟು, ಮರಿಯಾಗುವ ಸಮಯ ಹತ್ತಿರವಾಗುವವರೆಗೆ ಅದು ಕಾವಲಿರುತ್ತದೆ. ಅಂಥ ಗುಡ್ಡೆ ಕಂಡರೆ ಆ ಭಾಗದ ದರಗು ಗುಡಿಸುವುದನ್ನು ಈ ವರ್ಷ ಬಿಟ್ಟುಬಿಡಿ. ಮೊಟ್ಟೆ, ಗೂಡುಗಳನ್ನು ಕೆದಕುವುದೂ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ಬೇಟೆಯೇ. 2023ರ ಏಪ್ರಿಲ್ 1ರಿಂದ ಕಾಳಿಂಗ ಆ ಕಾಯ್ದೆಯ ಅತಿ ಹೆಚ್ಚು ರಕ್ಷಣೆಯ ಪಟ್ಟಿಯಾದ ಅನುಸೂಚಿ ಒಂದರಲ್ಲಿದೆ. ಶಿಕ್ಷೆ ಕನಿಷ್ಠ 3 ವರ್ಷ, ಗರಿಷ್ಠ 7 ವರ್ಷ ಜೈಲು.

ಬಚ್ಚಲಿಗೋ ಅಟ್ಟಕ್ಕೋ ಹೊಕ್ಕಿದ್ದರೆ ಮಾತು ಬೇರೆ. ಆಗ ಬಾಗಿಲು ಮುಚ್ಚಿ ಅರಣ್ಯ ಇಲಾಖೆಗೆ ತಿಳಿಸಿ, ಅವರ ಸುಪರ್ದಿಯಲ್ಲಿ ಹಿಡಿಸಿ, ಆಸುಪಾಸಿನ ಕಾಡಿನಲ್ಲೇ ಬಿಡುವಂತೆ ಪಟ್ಟು ಹಿಡಿಯಿರಿ. ಬಾಲ ಹಿಡಿದು ಜನರ ಮುಂದೆ ಹೆಡೆಯಾಡಿಸುತ್ತಾ ವಿಡಿಯೊ ಮಾಡಿಸಿಕೊಳ್ಳುವವರನ್ನು ಮಾತ್ರ ದಯವಿಟ್ಟು ಕರೆಯಬೇಡಿ. ಅವರು ಉರಗತಜ್ಞರಲ್ಲ. ನಮ್ಮ ಆಸ್ಪತ್ರೆಗಳಲ್ಲಿರುವ ಪ್ರತಿವಿಷ ನಾಗರ, ಕಟ್ಟುಹಾವು ಮತ್ತು ಎರಡು ಬಗೆಯ ಮಂಡಲದ ಹಾವುಗಳಿಗಾಗಿ ತಯಾರಾದದ್ದು, ಕಾಳಿಂಗದ ವಿಷಕ್ಕಲ್ಲ. ಈ ಒಂದು ಕಾರಣಕ್ಕೇ ನಾನು ಯಾರಿಗೂ ಹಾವಿನ ಹತ್ತಿರ ಹೋಗಲು ಹೇಳುವುದಿಲ್ಲ.

ಪ್ರಶ್ನೆ: ಮನೆ ಸುತ್ತ ಫಿನಾಯಿಲ್ ಸುರಿದರೆ ಹಾವು ಬರುವುದಿಲ್ಲವಂತೆ?

ಉತ್ತರ: ಸುಳ್ಳು. ಹಾವು ದೂರವಿರಬೇಕೆಂದರೆ ಗೋಡೆಗೆ ಒತ್ತಿ ಒಟ್ಟಿದ ಸೌದೆಯನ್ನೂ ಅಡಿಕೆ ಸಿಪ್ಪೆಯ ರಾಶಿಯನ್ನೂ ತೆಗೆಯಿರಿ.

ಪ್ರಶ್ನೆ: ಚಿಪ್ಪುಹಂದಿಯ ಚಿಪ್ಪು ಔಷಧಿಯೇ?

ಉತ್ತರ: ಅಲ್ಲ. ಅದರಲ್ಲಿರುವುದು ನಮ್ಮ ಉಗುರಿನಲ್ಲಿರುವ ಕೆರಾಟಿನ್ನೇ. ಔಷಧಿಯೆಂದು ಮಾರುವ ನಾಟಿ ವೈದ್ಯರು ಮೋಸಗಾರರು, ಕೊಳ್ಳುವವರೂ ಅಪರಾಧಿಗಳೇ.

ಪ್ರಶ್ನೆ: 2019ರಲ್ಲಿ ಶರಾವತಿ ಕಣಿವೆ ಸಿಂಗಳೀಕ ಅಭಯಾರಣ್ಯವಾಗಿದೆ. ಇನ್ನು ಸಿಂಗಳೀಕಕ್ಕೆ ಭಯವಿಲ್ಲ ತಾನೇ?

ಉತ್ತರ: ಇದೆ. ಸಿಂಗಳೀಕ ಮರದಿಂದ ಮರಕ್ಕೇ ಸಾಗುವ ಪ್ರಾಣಿ. ರಸ್ತೆಗೋ ವಿದ್ಯುತ್ ಮಾರ್ಗಕ್ಕೋ ಮರ ಕಡಿದು ಕೊಂಬೆಗಳ ಸಾಲು ತುಂಡಾದಲ್ಲಿ, ಅಭಯಾರಣ್ಯದೊಳಗೇ ಇದ್ದರೂ ಅದರ ದಾರಿ ಮುಚ್ಚಿದಂತೆಯೇ.