ಗೋಲ್ಡ್‌ಫಿಂಗರ್ ಆಗಿದ್ದ ಆ ನಟ

ಶಿವಮೊಗ್ಗದ ಓದುಗರೇ,

ಟೀವಿಯಲ್ಲಿ ಹಳೇ ಬಾಂಡ್ ಸಿನಿಮಾ ‘ಗೋಲ್ಡ್‌ಫಿಂಗರ್’ ನೋಡುತ್ತಿದ್ದಾಗ, ವಿಲನ್ ಪಾತ್ರದ ಗೆರ್ಟ್ ಫ್ರೋಬೆ ನಾಜಿ ಪಕ್ಷದಲ್ಲಿದ್ದವನು ಅಂತ ನಿಮ್ಮ ಮಗ ಹೇಳಿದನಂತೆ. ‘ನಿಜಾನಾ? ಹಾಗಿದ್ರೆ ಅವನ ಸಿನಿಮಾ ನೋಡಿ ಖುಷಿಪಡೋದು ಸರೀನಾ?’ ಎಂದು ಕೇಳಿದ್ದೀರಿ.

ನಿಜ. ಆದರೆ ಕಥೆ ಅಲ್ಲಿಗೇ ಮುಗಿಯುವುದಿಲ್ಲ.

ಫ್ರೋಬೆ ಹುಟ್ಟಿದ್ದು 1913ರಲ್ಲಿ, ಜರ್ಮನಿಯ ತ್ಸ್ವಿಕಾವ್ ಪಟ್ಟಣದ ಪಕ್ಕ. ಹುಡುಗನಾಗಿದ್ದಾಗ ಒಳ್ಳೇ ಪಿಟೀಲು ನುಡಿಸುತ್ತಿದ್ದ. ಆಮೇಲೆ ಡ್ರೆಸ್ಡೆನ್‌ನ ನಾಟಕಮಂದಿರದಲ್ಲಿ ಪರದೆಗೆ ಬಣ್ಣ ಬಳಿಯುವ ಕೆಲಸಕ್ಕೆ ಸೇರಿ, ಅಲ್ಲಿಂದ ನಟನೆಗೆ ಬಂದ. ನಾಜಿ ಪಕ್ಷ ಸೇರಿದ್ದು 1929ರಲ್ಲಿ, ಹದಿನಾರನೇ ವಯಸ್ಸಿಗೆ. 1937ರಲ್ಲಿ ಬಿಟ್ಟ.

ಯುದ್ಧ ಮುಗಿದ ಮೇಲೆ, 1948ರ ‘ಬರ್ಲಿನರ್ ಬಲಾಡೆ’ ಸಿನಿಮಾದಲ್ಲಿ ಆತನನ್ನು ನೋಡಿದರೆ ನಿಮಗೆ ಗುರುತೇ ಸಿಗಲಿಕ್ಕಿಲ್ಲ. ಕಡ್ಡಿಯಂತಾ ಮನುಷ್ಯ! ಪಾಳುಬಿದ್ದ ಬರ್ಲಿನ್ನಿಗೆ ವಾಪಸಾದ ಬಡ ಸೈನಿಕ ಒಟ್ಟೋನ ಪಾತ್ರ. ಆ ಪಾತ್ರದ ಪೂರ್ತಿ ಹೆಸರು ‘ಒಟ್ಟೋ ನಾರ್ಮಾಲ್‌ಫೆರ್ಬ್ರಾಉಖರ್’. ಇವತ್ತಿಗೂ ಜರ್ಮನರು ಜನಸಾಮಾನ್ಯನಿಗೆ ಅದೇ ಹೆಸರು ಹೇಳುತ್ತಾರೆ.

ನನ್ನ ಮಟ್ಟಿಗೆ ಆತನ ದೊಡ್ಡ ಕೆಲಸ 1958ರ ಒಂದು ಸಿನಿಮಾದ್ದು, ಹಾಡಹಗಲೇ ಮಕ್ಕಳನ್ನು ಕೊಲ್ಲುವವನ ಪಾತ್ರ. ಕಥೆ ಸ್ವಿಸ್ ಲೇಖಕ ಡ್ಯೂರೆನ್‌ಮಾಟ್‌ನದು. ಕಾಡಿನ ಅಂಚಿನಲ್ಲಿ ಪುಟ್ಟ ಹುಡುಗಿಗೆ ಕೈಗೊಂಬೆ ಆಡಿಸಿ ತೋರಿಸುತ್ತಾನೆ, ಚಾಕ್ಲೇಟು ಕೊಡುತ್ತಾನೆ. ಅಷ್ಟು ದಪ್ಪ ಕೈಯಲ್ಲಿ ಅಷ್ಟು ಚಿಕ್ಕ ಗೊಂಬೆ. ಕೂಗಾಟ ಏನೂ ಇಲ್ಲ. ಮಗು ನಗುತ್ತದೆ, ನಮ್ಮ ಎದೆ ಹೊಡೆದುಕೊಳ್ಳುತ್ತದೆ. ಈ ಪಾತ್ರ ನೋಡಿಯೇ ಬಾಂಡ್ ಸಿನಿಮಾದವರು ಕರೆದದ್ದು.

ಇನ್ನೊಂದು ವಿಷಯ. 1964ರ ಗೋಲ್ಡ್‌ಫಿಂಗರ್‌ನಲ್ಲಿ ನೀವು ಕೇಳಿದ ದನಿ ಫ್ರೋಬೆಯದಲ್ಲ. ಇಂಗ್ಲಿಷ್ ಸರಿಯಾಗಿ ಬರುತ್ತಿರಲಿಲ್ಲ, ಮೈಕೆಲ್ ಕಾಲಿನ್ಸ್ ಎಂಬ ನಟ ದನಿ ಕೊಟ್ಟರು. ಬಾಂಡ್‌ನನ್ನು ಮೇಜಿಗೆ ಕಟ್ಟಿ ಲೇಸರ್ ಬಿಟ್ಟ ದೃಶ್ಯ ಇದೆಯಲ್ವಾ, ಅದರಲ್ಲಿ ದನಿ ಮರೆತು ಸುಮ್ನೆ ಮುಖ ನೋಡಿ. ಆ ನಿರಾಳ ನಗು, ಆ ಕಣ್ಣು ಪೂರ್ತಿ ಆತನವೇ.

ಈಗ ನಿಮ್ಮ ಪ್ರಶ್ನೆಗೆ ಬರುತ್ತೇನೆ. ಪಕ್ಷದಲ್ಲಿದ್ದ ವಿಷಯ 1965ರಲ್ಲಿ ದೊಡ್ಡ ಸುದ್ದಿಯಾಯಿತು, ಇಸ್ರೇಲ್ ಆತನ ಸಿನಿಮಾಗಳನ್ನು ನಿಷೇಧಿಸಿತು. ಆಗ ವಿಯೆನ್ನಾದ ಒಬ್ಬ ಯಹೂದಿ ಇಸ್ರೇಲಿನ ರಾಯಭಾರ ಕಚೇರಿಗೆ ಹೋದರು. ನಾಜಿಗಳ ಕಾಲದಲ್ಲಿ ನನ್ನನ್ನೂ ನನ್ನ ತಾಯಿಯನ್ನೂ ಬಚ್ಚಿಟ್ಟು ಉಳಿಸಿದ್ದು ಇದೇ ಫ್ರೋಬೆ ಎಂದರು. ನಿಷೇಧ ತೆರವಾಯಿತು.

ಸಾಕ್ಷಿ ಹೇಳಿದ್ದು ಬದುಕಿ ಉಳಿದ ಮನುಷ್ಯ. ನನಗೆ ಅದು ತುಂಬಾ ದೊಡ್ಡದು. ಹಾಗಂತ ಎಂಟು ವರ್ಷ ಆ ಪಕ್ಷದಲ್ಲಿದ್ದದ್ದು ಅಳಿಸಿಹೋಗುವುದಿಲ್ಲ. ಎರಡೂ ಒಬ್ಬನೇ ಮಾಡಿದ್ದು. ಮಗನಿಗೆ ಎರಡನ್ನೂ ಹೇಳಿ, ಸಿನಿಮಾ ಖಂಡಿತ ನೋಡಿ.

ಫ್ರೋಬೆ 1988ರ ಸೆಪ್ಟೆಂಬರಿನಲ್ಲಿ ಮ್ಯೂನಿಕ್‌ನಲ್ಲಿ ತೀರಿಕೊಂಡ. ಅದಕ್ಕೂ ಮೊದಲು, 1974ರ ಒಂದು ಸಿನಿಮಾದಲ್ಲಿ ಜರ್ಮನ್ ಮಕ್ಕಳ ಕಥೆಯ ಕಳ್ಳ ಹೊಟ್ಸೆನ್‌ಪ್ಲೋಟ್ಸ್ ಆಗಿದ್ದ. 1958ರ ಆ ಮುಖ ಕಂಡು ಬೆವತ ಅಪ್ಪ ಅಮ್ಮಂದಿರು, ಇದನ್ನು ನೋಡಲು ಮಕ್ಕಳ ಕೈಹಿಡಿದು ಥಿಯೇಟರಿಗೆ ಹೋದರು.

– ಸಂಪಾದಕ