ಆಕ್ಸಿಜನ್ 100 ಇದ್ದರೆ ಒಳ್ಳೆಯದಲ್ವಾ?

ಪ್ರಶ್ನೆ: ನಮ್ಮ ಮಗು 30 ವಾರಕ್ಕೇ ಹುಟ್ಟಿತು, ಆಕ್ಸಿಜನ್ ಕೊಡ್ತಿದ್ದಾರೆ. ರಕ್ತದಲ್ಲಿನ ಆಕ್ಸಿಜನ್ ಮಟ್ಟ ಶೇ. 99 ಅಂತ ಮಾನಿಟರ್ ತೋರಿಸಿದ ಕೂಡಲೇ ನರ್ಸ್ ಆಕ್ಸಿಜನ್ ಕೊಡೋದನ್ನು ಕಡಿಮೆ ಮಾಡಿದರು. ಯಾಕೆ?

ಉತ್ತರ: ಸರಿಯಾಗೇ ಮಾಡಿದ್ದಾರೆ. ಆಕ್ಸಿಜನ್ನೂ ಔಷಧಿಯೇ, ಅಳತೆ ಮೀರಬಾರದು. ಇಷ್ಟು ಬೇಗ ಹುಟ್ಟಿದ ಮಗುವಿನ ಕಣ್ಣಿನ ರಕ್ತನಾಳಗಳು ಇನ್ನೂ ಬೆಳೆಯುತ್ತಿರುತ್ತವೆ, ಆಕ್ಸಿಜನ್ ಜಾಸ್ತಿಯಾದರೆ ಅವು ಅಡ್ಡಾದಿಡ್ಡಿ ಬೆಳೆದು, ಕೊನೆಗೆ ರೆಟಿನಾವನ್ನೇ (ಕಣ್ಣಿನ ಹಿಂಭಾಗದ ಪರದೆ) ಎಳೆದು ದೃಷ್ಟಿಯೇ ಹೋಗಬಹುದು. ತೀರಾ ಕಡಿಮೆಯಾದರೆ ಜೀವಕ್ಕೇ ಅಪಾಯ. ಅದಕ್ಕೇ ಸಾಮಾನ್ಯವಾಗಿ 90ರಿಂದ 95ರೊಳಗೆ ಇಡುತ್ತಾರೆ. (ಆಕ್ಸಿಜನ್ ಇಲ್ಲದೆ, ಬರೀ ಗಾಳಿಯಲ್ಲೇ 99 ಬಂದರೆ ಖುಷಿಪಡಿ!) ಮಗು ಕಾಲು ಒದ್ದಾಗ ಪಾದಕ್ಕೆ ಸುತ್ತಿದ ಸೆನ್ಸರ್ ಜರುಗಿ ಸುಳ್ಳು ಅಂಕಿ ಬರೋದೂ ಉಂಟು. ಅಲಾರಾಂ ಹೊಡೆದರೆ ನರ್ಸನ್ನು ಕರೆಯಿರಿ, ನೀವೇ ಏನೂ ತಿರುಗಿಸಬೇಡಿ. ಹುಟ್ಟಿದ 4 ವಾರಕ್ಕೆ ಕಣ್ಣಿನ ಪರೀಕ್ಷೆ ಆಗಲೇಬೇಕು, ಅಷ್ಟರಲ್ಲಿ ಮನೆಗೆ ಬಂದಿದ್ದರೂ.