ಕ್ಯೂಬಾದ ಸಂಗೀತ, ನೃತ್ಯಗಳಲ್ಲಿ ಆಫ್ರಿಕಾದ ಪರಂಪರೆ ಇಷ್ಟು ಗಾಢವಾಗಿ ಉಳಿದದ್ದು ಹೇಗೆ?

ಗುಲಾಮರಾಗಿ ತರಲ್ಪಟ್ಟವರಿಗೆ ತಮ್ಮ ಮೂಲ ಜನಾಂಗದ ಹೆಸರಿನಲ್ಲಿಯೇ ಸಂಘ ಕಟ್ಟಿಕೊಂಡು ಹಬ್ಬದ ದಿನಗಳಲ್ಲಿ ಬಾರಿಸಿ ಕುಣಿಯಲು ಅಲ್ಲಿ ಅವಕಾಶವಿದ್ದದ್ದೇ ಮುಖ್ಯ ಕಾರಣ. ‘ಕಬಿಲ್ದೊ’ ಎಂಬ ಈ ಸಂಘಗಳಿಗೆ ಸ್ಪೇನಿನ ಆಡಳಿತ ಅನುಮತಿ ನೀಡಿದ್ದು ಔದಾರ್ಯದಿಂದಲ್ಲ. ಎಲ್ಲರೂ ಒಂದಾಗಿ ದಂಗೆಯೇಳದಿರಲಿ ಎಂಬ ಲೆಕ್ಕಾಚಾರವೂ ಅದರಲ್ಲಿತ್ತು. ಆದರೆ ಅದರಿಂದಾಗಿಯೇ ಯೊರೂಬಾ, ಕಾಂಗೊ ಮೊದಲಾದ ಜನರ ದೇವತೆಗಳೂ ತಾಳಗಳೂ ಒಂದರಲ್ಲೊಂದು ಕರಗಿಹೋಗದೆ ಉಳಿದವು. ಗುಲಾಮರ ಹಡಗುಗಳು 1860ರ ದಶಕದವರೆಗೂ ಬರುತ್ತಲೇ ಇದ್ದುದರಿಂದ, 1886ರಲ್ಲಿ ಗುಲಾಮಗಿರಿ ಕೊನೆಗೊಂಡಾಗ ಆಫ್ರಿಕಾದಲ್ಲೇ ಹುಟ್ಟಿ ಬೆಳೆದ ವಾದಕರು ಇನ್ನೂ ಬದುಕಿದ್ದರು.

ಯೊರೂಬಾ ಮೂಲದ ‘ಬತಾ’ ವಾದ್ಯವನ್ನೇ ನೋಡಿ. ಮೃದಂಗದಂತೆ ಅಡ್ಡವಾಗಿಟ್ಟು ಎರಡೂ ಮುಖಗಳನ್ನು ಬಾರಿಸುವ ಮೂರು ಚರ್ಮವಾದ್ಯಗಳ ಈ ಮೇಳದಲ್ಲಿ, ‘ಇಯಾ’, ಅಂದರೆ ತಾಯಿ, ಎಂದು ಕರೆಯಲಾಗುವ ದೊಡ್ಡ ವಾದ್ಯವು ಮಾತನಾಡಿದಂತೆ ಕರೆ ಕೊಡುತ್ತದೆ, ಉಳಿದವು ಓಗೊಡುತ್ತವೆ. ದೇವತೆಗೊಂದು ತಾಳ, ತಾಳಕ್ಕೊಂದು ಕುಣಿತ: ಕಡಲದೇವಿ ಯೆಮಾಯಾಳ ಪಾಲಿಗೆ ನರ್ತಕಿಯ ಲಂಗ ಅಲೆಯಾಗಿ ಸುತ್ತುತ್ತದೆ, ಕಬ್ಬಿಣದ ದೇವರು ಓಗುನ್‌ಗೆ ಕತ್ತಿ ಬೀಸುವ ಹೆಜ್ಜೆ. ಪೂಜೆಯ ಹೊರಗೆ ಬೆಳೆದ ‘ರುಂಬಾ’ ಎಂಬ ಹಾಡು-ಕುಣಿತಕ್ಕೆ ಕಾಂಗೊ ಜನರ ಋಣ ಹೆಚ್ಚು. ಬಂದರಿನ ಕೂಲಿಗಳು ಒಣಮೀನಿನ ಮರದ ಪೆಟ್ಟಿಗೆಗಳನ್ನೇ ಬಡಿದು ಅದನ್ನು ನುಡಿಸುತ್ತಿದ್ದರು.